ಬಾವಿ ತೋಡಿದ ಕೈಗಳು

2018ರ ಆಗಸ್ಟ್ 23. ಇಂಡೋನೇಷ್ಯಾದ ಪಾಲೆಂಬಾಂಗ್, ಜಕಬರಿಂಗ್ ಕೆರೆಯ ದಂಡೆ. ನಿಂತಲ್ಲೇ ಅಂಗಿ ಮೈಗಂಟುವ ಸೆಕೆ. ಏಷ್ಯನ್ ಗೇಮ್ಸಿನ ರೋಯಿಂಗ್‌ನಲ್ಲಿ ಒಬ್ಬರೇ ಹುಟ್ಟು ಹಾಕುವ ಸಿಂಗಲ್ ಸ್ಕಲ್ಸ್ ಫೈನಲ್ ಮುಗಿದಂತೆಯೇ ಇದೆ. ಆದರೆ ಒಂದು ದೋಣಿ ಮಾತ್ರ ಇನ್ನೂ ನೀರಿನ ನಡುವೆ ಇದೆ. ಅದರಲ್ಲಿರುವ ಎತ್ತರದ ಆಳು ದತ್ತು ಬಬನ್ ಭೋಕನಾಳ್. ಮೈಯಲ್ಲಿ ಜ್ವರ. ಹುಟ್ಟು ನೀರಿಗೆ ಬೀಳುತ್ತಿದೆ, ಎಳೆತವಿಲ್ಲ. ಎಲ್ಲರೂ ಮುಗಿಸಿದ ಮೇಲೆ ಅವರು ಕೊನೆಯವರಾಗಿ ಗುರಿ ತಲುಪುತ್ತಾರೆ.

ಇದೇ ಓಟದಲ್ಲಿ ಪೂರ್ತಿ ಶ್ರಮ ಹಾಕಲಿಲ್ಲವೆಂದು ಮರುವರ್ಷ ಭಾರತದ ರೋಯಿಂಗ್ ಒಕ್ಕೂಟ ಅವರನ್ನು ಎರಡು ವರ್ಷ ನಿಷೇಧಿಸಿತು. ಕಾಯಿಲೆಯಿಂದ ದೋಣಿಯಿಂದ ಬಿದ್ದೆನೆಂಬುದು ದತ್ತು ಅವರ ಮಾತು. 2020ರ ಜನವರಿಯಲ್ಲಿ ನಿಷೇಧ ತೆರವಾಯಿತು. ಆ ವರ್ಷವೇ ಅರ್ಜುನ ಪ್ರಶಸ್ತಿಯೂ ಬಂತು. ಶ್ರಮದ ಲೆಕ್ಕವನ್ನು ಈ ಮನುಷ್ಯನಿಂದ ಕೇಳಿದ್ದು ನನಗೆ ಇಂದಿಗೂ ನೋವಿನ ಸಂಗತಿ. ಯಾಕೆಂದು ತಿಳಿಯಬೇಕಾದರೆ ನೀವು ನಾಸಿಕ ಜಿಲ್ಲೆಗೆ ಬರಬೇಕು.

ಚಾಂದವಡ ತಾಲ್ಲೂಕಿನ ತಳೆಗಾಂವ್ ರೋಹಿ ದತ್ತು ಅವರ ಊರು. ಗೋದಾವರಿ ಇದೇ ಜಿಲ್ಲೆಯ ತ್ರ್ಯಂಬಕದಲ್ಲಿ ಹುಟ್ಟುತ್ತಾಳೆ. ಹರಿದು ಹೋಗಿ ಛತ್ರಪತಿ ಸಂಭಾಜಿನಗರ ಜಿಲ್ಲೆಯ ಪೈಠಣದಲ್ಲಿ ಜಾಯಕವಾಡಿ ಜಲಾಶಯವಾಗಿ ನಿಲ್ಲುತ್ತಾಳೆ. ಆ ನೀರಿಗಾಗಿ ಎರಡೂ ಕಡೆಯವರು ಜಗಳವಾಡುತ್ತಾರೆ. ಈ ಊರಿಗೆ ಆ ಜಗಳದಲ್ಲೂ ಪಾಲಿಲ್ಲ. ಇಲ್ಲಿ ನೀರೆಂದರೆ ನೆಲದಡಿಯದು, ಕಲ್ಲು ಒಡೆದು ಇಳಿದರೆ ಸಿಕ್ಕಬಹುದಾದದ್ದು. ಕೋಲಾರದ, ವಿಜಯಪುರದ ಓದುಗರಿಗೆ ಈ ಪಾಡನ್ನು ಬಿಡಿಸಿ ಹೇಳಬೇಕಿಲ್ಲ.

ಬಾವಿಯ ಅಂಚಿಗೆ ಬಂದು ಬಗ್ಗಿ ನೋಡಿ. ತಳದಲ್ಲಿ ಅಪ್ಪ, ಪಕ್ಕದಲ್ಲಿ ಶಾಲೆ ಬಿಟ್ಟು ಬಂದ ಹುಡುಗ ದತ್ತು. ಹಾರೆ ಕಪ್ಪು ಬಂಡೆಗೆ ಬಿದ್ದಾಗ ಏಳುವ ಸದ್ದು ಸುತ್ತು ಹಾಕಿ ಮೇಲೆ ಬರುತ್ತದೆ. ಮಂಕರಿ ತುಂಬುತ್ತದೆ, ಹಗ್ಗ ಬಿಗಿಯುತ್ತದೆ. ಸೊಂಟ, ಬೆನ್ನು, ಅಂಗೈ ಮೂರೂ ಒಟ್ಟಿಗೆ ದುಡಿಯಬೇಕು. 2011ರಲ್ಲಿ ಅಪ್ಪ ತೀರಿಕೊಂಡರು. ಮನೆಯ ಹಿರಿಮಗನಾದ ದತ್ತು ಮರುವರ್ಷ ಸೈನ್ಯ ಸೇರಿದರು.

ಪುಣೆಯ ಖಡಕಿಯಲ್ಲಿರುವ ಸೈನ್ಯದ ಬಾಂಬೆ ಎಂಜಿನಿಯರ್ ಗ್ರೂಪ್‌ನಲ್ಲಿ ಅವರ ಎತ್ತರ ಕಂಡು ರೋಯಿಂಗ್‌ಗೆ ಆರಿಸಿಕೊಂಡರು. ಅಷ್ಟು ನೀರನ್ನು ಒಟ್ಟಿಗೆ ಕಂಡು ಆ ಬಾವಿ ತೋಡುವವನಿಗೆ ಭಯವಾಗಿತ್ತು! ಸಿಂಗಲ್ ಸ್ಕಲ್ಸ್ ದೋಣಿ ಸುಮಾರು ಎಂಟು ಮೀಟರ್ ಉದ್ದ, ತೂಕ ಹದಿನಾಲ್ಕು ಕಿಲೋ ಆಸುಪಾಸು. ಮೈ ತುಸು ವಾಲಿದರೂ ಮಗುಚುತ್ತದೆ. ಗುರಿಗೆ ಬೆನ್ನು ಹಾಕಿ ಕೂತು, ಕಾಲೊತ್ತಿ, ಬೆನ್ನು ಬಾಗಿಸಿ, ಎರಡು ಹುಟ್ಟುಗಳನ್ನು ಎದೆಯ ಕಡೆ ಎಳೆಯಬೇಕು. ಎಳೆಯುವುದು ಆ ಮೈಗೆ ಗೊತ್ತಿತ್ತು. ಕಲಿಯಬೇಕಾದದ್ದು ನೀರಿನ ಮೇಲೆ ಹಗುರಾಗಿ ಕೂರುವುದನ್ನು.

ನಾಲ್ಕೇ ವರ್ಷ. 2016ರ ರಿಯೊ ಒಲಿಂಪಿಕ್ಸ್‌ನ ರೋಯಿಂಗ್‌ಗೆ ಭಾರತದಿಂದ ಹೋದದ್ದು ಅವರೊಬ್ಬರೇ. ಅಪಘಾತದಲ್ಲಿ ತಲೆಗೆ ಪೆಟ್ಟು ಬಿದ್ದ ಅಮ್ಮನಿಗೆ ಆಗ ಮಗನ ಗುರುತೂ ಸರಿಯಾಗಿ ಸಿಗುತ್ತಿರಲಿಲ್ಲ. ಲಗೋವಾ ಕೆರೆಯಲ್ಲಿ ಗಾಳಿಗೆ ಅಲೆಯೇಳುತ್ತಿತ್ತು. ಕ್ವಾರ್ಟರ್ ಫೈನಲ್‌ನಲ್ಲಿ 2000 ಮೀಟರನ್ನು 6 ನಿಮಿಷ 59.89 ಸೆಕೆಂಡಿನಲ್ಲಿ ಕ್ರಮಿಸಿ ನಾಲ್ಕನೆಯವರಾದರು. ಮೊದಲ ಮೂವರಿಗಷ್ಟೇ ಪದಕದ ದಾರಿ. ಮನಸ್ಸು ಮುರಿಯಬಹುದಾಗಿದ್ದ ಆ ಹೊತ್ತಿನಲ್ಲಿ ಅವರು ಹದಿಮೂರರಿಂದ ಮುಂದಿನ ಸ್ಥಾನಗಳನ್ನು ನಿರ್ಧರಿಸುವ ‘ಸಿ’ ಫೈನಲ್‌ಗೆ ಇಳಿದು, 6 ನಿಮಿಷ 54.96 ಸೆಕೆಂಡಿನಲ್ಲಿ ಎಲ್ಲರಿಗಿಂತ ಮೊದಲು ಮುಗಿಸಿದರು. ಒಟ್ಟು ಲೆಕ್ಕದಲ್ಲಿ ಹದಿಮೂರನೇ ಸ್ಥಾನ.

ಈಗ ಮತ್ತೆ ಪಾಲೆಂಬಾಂಗ್‌ಗೆ ಬನ್ನಿ. ಆಗಸ್ಟ್ 24. ನಿನ್ನೆ ಕುಸಿದವರು ಇಂದು ದೋಣಿ ಹತ್ತುತ್ತಿದ್ದಾರೆ. ಇದು ನಾಲ್ವರ ದೋಣಿ. ಜೊತೆಗೆ ಸವರ್ಣ್ ಸಿಂಗ್, ಓಂ ಪ್ರಕಾಶ್, ಸುಖ್‌ಮೀತ್ ಸಿಂಗ್. ಒಬ್ಬ ಸೋತರೆ ಉಳಿದ ಮೂವರ ದುಡಿಮೆಯೂ ನೀರುಪಾಲು. ಎಂಟು ಹುಟ್ಟುಗಳು ಒಟ್ಟಿಗೆ ಏಳುತ್ತವೆ, ಒಟ್ಟಿಗೆ ಮುಳುಗುತ್ತವೆ. ಆತಿಥೇಯ ಇಂಡೋನೇಷ್ಯಾದ ದೋಣಿಗಾಗಿ ದಂಡೆ ಕೂಗುತ್ತಿದೆ. ಆ ದೋಣಿ ಹಿಂದೆ ಬೀಳುತ್ತದೆ. ಬೆನ್ನು ತಿರುಗಿಸಿ ಕೂತ ನಾಲ್ವರಿಗೂ ಅದು ಎದುರಿಗೇ ಕಾಣುತ್ತದೆ. 6 ನಿಮಿಷ 17.13 ಸೆಕೆಂಡ್. ಚಿನ್ನ. ಗುರಿ ದಾಟಿದ ದೋಣಿ ತನ್ನ ಪಾಡಿಗೆ ಜಾರುತ್ತಿದೆ, ಹುಟ್ಟುಗಳ ತುದಿಯಿಂದ ನೀರು ತೊಟ್ಟಿಕ್ಕುತ್ತಿದೆ.