ಮೆಟ್ಟಿಲ ಬಾಗಿಲು

ಪಾಳಾದ ನಮ್ಮ ಮನೆಯ ಅಟ್ಟಕ್ಕೆ ಹನ್ನೊಂದು ಮೆಟ್ಟಿಲುಗಳು. ಅದಕ್ಕಿಂತ ಎತ್ತರದಲ್ಲಿ ನಾನು ಮಲಗಿದವನಲ್ಲ. ಕಳೆದ ಮಾಘದಲ್ಲಿ ಬೆಂಗಳೂರಿನ ಮಗನ ಹದಿನಾಲ್ಕನೆಯ ಅಂತಸ್ತಿನ ಮನೆಯಲ್ಲಿ ತಂಗಿದೆನು. ಬೆಂಕಿ ಬಿದ್ದರೆ ಲಿಫ್ಟ್ ಹತ್ತಬಾರದೆಂದು ಗೋಡೆಯ ಮೇಲೆ ಬರೆದಿತ್ತು. ಒಂದು ಮುಂಜಾನೆ, ಮೊಣಕಾಲುಗಳನ್ನು ಶಪಿಸುತ್ತ, ಮೆಟ್ಟಿಲಿಂದಲೇ ಇಳಿದು ನೋಡಿದೆನು. ಕೆಳಗಿನ ಬಾಗಿಲಿಗೆ ಬೀಗ! ಕಳ್ಳರ ಭಯವಂತೆ.

ಅದೇ ಊರಿನ ಕಾರ್ಲ್‌ಟನ್ ಟವರ್ಸ್ ಎಂಬ ಕಟ್ಟಡದಲ್ಲಿ 2010ರ ಫೆಬ್ರವರಿ 23ರಂದು ಬೆಂಕಿ ಬಿದ್ದು ಒಂಬತ್ತು ಜನರು ಅಸುನೀಗಿದರು. ಹೊಗೆಗೆ ಹೆದರಿ ಕೆಲವರು ಕಿಟಕಿಗಳಿಂದ ಧುಮುಕಿದರು. ಪಾರಾಗುವ ದಾರಿಗೆ ಬೀಗ ಬಿದ್ದಿತ್ತೆಂದು ಆಗಿನ ಪತ್ರಿಕೆಗಳು ಬರೆದವು. ಹೊಗೆಯು ಊರ್ಧ್ವಗಾಮಿ, ಬಾಗಿಲು ತೆರೆದಿಟ್ಟರೆ ಮೆಟ್ಟಿಲ ಓಣಿಯೇ ಅದಕ್ಕೆ ಕೊಳವೆಯಾಗುವುದು. ಆದಕಾರಣ ಆ ಬಾಗಿಲು ಸದಾ ಮುಚ್ಚಿರಬೇಕು, ಆದರೆ ಬೀಗವಿರಕೂಡದು. ಒಳಗಿನಿಂದ ತಳ್ಳಿದೊಡನೆ ತೆರೆಯಬೇಕು. ವ್ಯಾಕರಣದ ಸೂತ್ರಗಳಿಗಾದರೂ ಅಪವಾದವುಂಟು; ಇದಕ್ಕಿಲ್ಲ.

ಮಗನು ನಕ್ಕನು. ಮೊಮ್ಮಗಳಿಗೆ ನಾಲ್ಕು ವರ್ಷ. ಆ ಕಟ್ಟಡದ ನಿವಾಸಿಗಳ ಸಂಘಕ್ಕೆ ನಾನೇ ಎರಡು ಕಾಗದ ಬರೆದಿರುವೆನು; ಉತ್ತರವಿನ್ನೂ ಬಂದಿಲ್ಲ.