ತುಳಸಿ ಘಾಟಿನ ಗದೆ

ಅಸ್ಸಿ ಘಾಟಿನಿಂದ ಗಂಗೆಯ ದಡ ಹಿಡಿದು ಉತ್ತರಕ್ಕೆ ನಾಲ್ಕು ಹೆಜ್ಜೆ ಹಾಕಿದರೆ ತುಳಸಿ ಘಾಟ್. ಕಡಿದಾದ ಮೆಟ್ಟಿಲೇರಿದರೆ ಸ್ವಾಮಿನಾಥ ಅಖಾಡಾ. ತುಳಸೀದಾಸರೇ ಕಟ್ಟಿಸಿದ್ದು ಎನ್ನುತ್ತಾರೆ ಕಾಶಿಯವರು. ಮೈಸೂರಿನ ಗರಡಿಮನೆ ಕಂಡವರಿಗೆ ಇಲ್ಲಿ ಪರಕೀಯವೆನಿಸುವುದು ಕಡಿಮೆ. ಅಲ್ಲಿ ಕೆಮ್ಮಣ್ಣು, ಇಲ್ಲಿ ಗಂಗೆಯ ಬಯಲಿನ ಬೂದು ಮಣ್ಣು. ಎಣ್ಣೆ, ಅರಿಶಿನ ಬೆರೆಸಿ ಹದ ಮಾಡುವ ಕೈಗಳು ಎರಡೂ ಕಡೆ ಒಂದೇ ಬಗೆಯವು. ಹನುಮನಿಗೆ ಕೈಮುಗಿಯದೆ ಯಾರೂ ಕಣಕ್ಕಿಳಿಯುವುದಿಲ್ಲ.

ಬೆಳಗಿನ ಹೊತ್ತು ಒಬ್ಬ ಹುಡುಗ ಗದೆ ತಿರುಗಿಸುತ್ತಿದ್ದ. ಬಿದಿರಿನ ಕೋಲು, ತುದಿಗೆ ದುಂಡುಗಲ್ಲು. ಹೆಗಲ ಮೇಲಿಂದ ಅದನ್ನು ಬೆನ್ನ ಹಿಂದಕ್ಕೆ ಬಿಡುತ್ತಾನೆ; ಕಲ್ಲು ಸೊಂಟದ ಹತ್ತಿರ ತೂಗಿ ಇನ್ನೊಂದು ಹೆಗಲಿಗೆ ಏರುತ್ತದೆ. ಪಾದ ಕದಲುವುದಿಲ್ಲ. ತೋಳಿನ ಬಲಕ್ಕಿಂತ ಕಲ್ಲಿನ ಓಟಕ್ಕೆ ಸರಿಯಾಗಿ ಉಸಿರು ಬಿಡುವುದೇ ಇಲ್ಲಿ ದೊಡ್ಡ ವಿದ್ಯೆ. ಪಕ್ಕದಲ್ಲಿ ಇನ್ನೊಬ್ಬ ಜೋಡಿ ಎತ್ತಿದ್ದ: ಎರಡು ಕೈಗೆ ಎರಡು ಭಾರಿ ಮರದ ಮುದ್ಗರ.

ಈ ದೃಶ್ಯವನ್ನು ನಾನು ಮೊದಲು ನೋಡಿದ್ದು ತೆರೆಯ ಮೇಲೆ, ಸತ್ಯಜಿತ್ ರಾಯ್ ಅವರ 1956ರ 'ಅಪರಾಜಿತೋ'ದಲ್ಲಿ. ಬಾಲಕ ಅಪುವಿನ ತಂದೆ ಹರಿಹರ ಸಾಯುವ ಹೊತ್ತು. ಗಂಗಾಜಲ ತರಲು ನಸುಕಿನಲ್ಲಿ ಘಾಟಿಗೆ ಬರುವ ಅಪುವಿಗೆ ಅಲ್ಲೊಬ್ಬ ಪೈಲ್ವಾನ ಸಾಧನೆ ಮಾಡುವುದು ಕಾಣುತ್ತದೆ. ಆಮೇಲೆ ಮನೆ, ತಂದೆಯ ಬಾಯಿಗೆ ನೀರು, ಒಮ್ಮೆಲೇ ಮೇಲೇಳುವ ಪಾರಿವಾಳಗಳ ಹಿಂಡು. ಪಾರಿವಾಳಗಳನ್ನು ಎಲ್ಲರೂ ಹೊಗಳುತ್ತಾರೆ. ನನಗೆ ಆ ಪೈಲ್ವಾನನೇ ಮುಖ್ಯ. ಕಾಶಿಯೆಂದರೆ ಚಿತೆ ಎಂದುಕೊಂಡು ಬರುವ ಕ್ಯಾಮೆರಾಗಳೇ ಹೆಚ್ಚು. ರಾಯ್ ಮಾತ್ರ ಸಾವಿನ ಬೆಳಗಿನಲ್ಲೇ ಉಕ್ಕುವ ಒಂದು ಮೈಯನ್ನು ನಿಲ್ಲಿಸಿದರು. ಈ ಊರಿನ ಬದುಕನ್ನು ಅಷ್ಟು ನಿಜವಾಗಿ ಹಿಡಿದವರು ವಿರಳ.

ಆಟವೊಂದು ನಾಡಿನ ನೆನಪನ್ನು ಹೊರುವುದು ದೂರದ ನಾರ್ವೆಯಲ್ಲೂ ಉಂಟು. 1206ರ ಒಳಯುದ್ಧದ ಕಾಲದಲ್ಲಿ ಇಬ್ಬರು ಯೋಧರು ಹಿಮಪಾತದ ನಡುವೆ ಸ್ಕೀ ಕಟ್ಟಿಕೊಂಡು, ಎಳೆಗೂಸು ರಾಜಕುಮಾರ ಹೋಕನ್‌ನನ್ನು ಬೆಟ್ಟ ದಾಟಿಸಿದರಂತೆ. 2016ರಲ್ಲಿ ನಿರ್ದೇಶಕ ನಿಲ್ಸ್ ಗೌಪ್ ಅದನ್ನೇ ಸಿನಿಮಾ ಮಾಡಿದರು. ಆ ಯೋಧರ ಸಾಹಸದ ನೆನಪಿಗೆ ನಡೆಯುವ ಸ್ಕೀ ಓಟದಲ್ಲಿ ಇಂದಿಗೂ ಓಟಗಾರರು ಕೂಸಿನ ಭಾರವೆಂದು 3.5 ಕಿಲೋ ಚೀಲ ಹೊತ್ತು 54 ಕಿಲೋಮೀಟರ್ ಸಾಗುತ್ತಾರೆ. ಅಲ್ಲಿ ಬೆನ್ನ ಮೇಲೆ ಕೂಸು, ಇಲ್ಲಿ ಹೆಗಲ ಮೇಲೆ ಹನುಮನ ಗದೆ.

ತುಳಸಿ ಘಾಟಿನ ಗದೆ ಬಹುಕಾಲ ಗಂಡಸರ ಹೆಗಲಿಗಷ್ಟೇ ಮೀಸಲಾಗಿತ್ತು. 2017ರಲ್ಲಿ ಈ ಅಖಾಡಾ ಹೆಣ್ಣುಮಕ್ಕಳಿಗೂ ಬಾಗಿಲು ತೆರೆಯಿತು. ನಾಗಪಂಚಮಿಯಂದು ಇಲ್ಲಿ ಜೋಡಿ, ಗದೆ, ಕುಸ್ತಿಗಳ ಜಾತ್ರೆಯೇ ನೆರೆಯುತ್ತದೆ. ಕಾಶಿಯ ಮೇಲೆ ಸಿನಿಮಾ ಮಾಡಲು ಹೊರಟವರು ಯಾರೇ ಇರಲಿ, ಚಿತೆಗಳುರಿಯುವ ಮಣಿಕರ್ಣಿಕಾ ಘಾಟ್ ಬಿಟ್ಟು ಮೊದಲು ಆ ದಿನ ಈ ಮೆಟ್ಟಿಲು ಹತ್ತಲಿ. ಮಣ್ಣು ಮೆತ್ತಿಕೊಂಡು ಪಟ್ಟು ಹಾಕುವ ಆ ಹುಡುಗಿಯರ ಕಥೆ ಯಾರಾದರೂ ಬರೆಯಬೇಕಾಗಿದೆ.