14ನೇ ತಾರೀಖಿನ 590 ರೂಪಾಯಿ

ಗಾಣದ ಒಲೆಗೆ ರವದಿ ನೂಕುತ್ತಿದ್ದ ಸೋದರಮಾವ ಟವೆಲಿಗೆ ಕೈ ಒರೆಸಿಕೊಂಡು ಬಂದು ನನ್ನ ಪಕ್ಕ ಕೂತರು. ಕೊಪ್ಪರಿಗೆಯಲ್ಲಿ ಕಬ್ಬಿನ ಹಾಲು ಕುದಿಯುತ್ತಿತ್ತು. ಥಂಡಿಗೆ ಎಲ್ಲರೂ ಒಲೆಯ ಬಾಯಿಗೇ ಸರಿದು ಕೂತಿದ್ದರು. "ಅಳಿಯಾ, ನನ್ನ ಖಾತ್ಯಾಗಿಂದ ತಿಂಗಳಾ ತಿಂಗಳಾ 199 ಹೊಂಟಾವು. ಇಂಗ್ಲೀಷಿನ್ಯಾಗ ಯಾರದೋ ಹೆಸರು ಐತಿ. ಫೋನ ಮುಟ್ಟಾಂವ ಮಗ ಒಬ್ಬನ. ಅವನ್ನ ಹಿಡದು ಕೇಳಲೇನು?" ಅಂದರು.

"ಇಷ್ಟರಾಗ ಕೇಳಬ್ಯಾಡ್ರಿ ಮಾಮಾ. ಮೊದಲ ನಮ್ಮ ಮನ್ಯಾಗ ಆದದ್ದು ಕೇಳ್ರಿ" ಅಂದೆ. ಅಂದು ಬೆಂಕಿಯ ಮುಂದೆ ಹೇಳಿದ್ದನ್ನೇ ಇಲ್ಲಿ ಬರೆಯುತ್ತಿದ್ದೇನೆ.

ಅಪ್ಪ ಪ್ರಾಥಮಿಕ ಶಾಲೆಯ ಮಾಸ್ತರ. ಅವನು ತೀರಿಕೊಂಡ ಮೇಲೆ ಅವ್ವ ಜಮಖಂಡಿಯ ಮನೆಯಲ್ಲಿ ಒಬ್ಬಳೇ ಇದ್ದಾಳೆ. ನಾನು ಧಾರವಾಡದಿಂದ ಹದಿನೈದು ದಿನಕ್ಕೊಮ್ಮೆ ಹೋಗಿ ಬರುತ್ತೇನೆ. ಕುಟುಂಬ ಪಿಂಚಣಿ ಬರುವ ಖಾತೆಯ ಪಾಸ್‌ಬುಕ್ಕನ್ನು ಅವ್ವ ದೇವರ ಜಗಲಿಯ ಮೇಲೆ, ವಿಭೂತಿಗಟ್ಟಿಯ ಪಕ್ಕ ಇಡುತ್ತಾಳೆ. ಆ ಸಲ ಶ್ರಾವಣದಲ್ಲಿ ಹೋದಾಗ ಅದನ್ನು ಬ್ಯಾಂಕಿನ ಮಷೀನಿಗೆ ಹಾಕಿ ಮುದ್ರಿಸಿಕೊಂಡು ಬಂದೆ. ಕಟ್ಟೆಯ ಮೇಲೆ ಕೂತು ನೋಡಿದರೆ 14ನೇ ತಾರೀಖಿಗೆ 590 ರೂಪಾಯಿ ಕಡಿತ. ಹಿಂದಿನ ತಿಂಗಳೂ 14ಕ್ಕೆ 590. ಅದರ ಹಿಂದಿನ ತಿಂಗಳೂ ಅಷ್ಟೇ. ಮುಂದೆ 'ಯುಪಿಐ' ಎಂಬ ಮೂರಕ್ಷರ, ಹನ್ನೆರಡು ಅಂಕಿಗಳ ಒಂದು ನಂಬರು, ಆಮೇಲೆ ಜಾಗ ಸಾಲದೆ ಅರ್ಧಕ್ಕೆ ತುಂಡಾದ ಯಾವುದೋ ಕಂಪನಿಯ ಹೆಸರು.

"ಅವ್ವಾ, ಇದು ಯಾರಿಗೆ ಕೊಟ್ಟದ್ದು?"

"ನಾ ಯಾರಿಗೂ ಕೊಟ್ಟಿಲ್ಲೋ ಯಪ್ಪಾ."

ಅಲ್ಲಿಂದ ಮುಂದೆ ನಾನು ಮಾಡಿದ್ದು ತಪ್ಪು. ನಮ್ಮ ಓಣಿಯಲ್ಲಿ ಐಟಿಐ ಓದುವ ಒಬ್ಬ ಹುಡುಗ ಇದ್ದಾನೆ. ಅವನ ಅಪ್ಪ ಬನಹಟ್ಟಿಯಲ್ಲಿ ಪವರ್‌ಲೂಮ್ ಮಗ್ಗದ ಮೇಲೆ ದುಡಿಯುತ್ತಾನೆ, ವಾರಕ್ಕೊಮ್ಮೆ ಮನೆಗೆ ಬರುತ್ತಾನೆ. ಅವ್ವನ ಫೋನಿಗೆ ರೀಚಾರ್ಜ್, ಹೆಸ್ಕಾಂ ಬಿಲ್ಲು, ಗ್ಯಾಸ್ ಬುಕಿಂಗ್ ಎಲ್ಲವನ್ನೂ ಮಾಡಿಕೊಡುತ್ತಿದ್ದವನು ಅವನೇ. ಯುಪಿಐ ಕಲಿಸಿದವನೂ ಅವನೇ. ಅವನನ್ನು ಬಾಗಿಲಲ್ಲೇ ನಿಲ್ಲಿಸಿ, ಪಾಸ್‌ಬುಕ್ಕು ಮುಖದ ಮುಂದೆ ಹಿಡಿದು ಕೇಳಿದೆ. "ಕಾಕಾ, ಅಮ್ಮಾರ ಪಿನ್ ಸೈತ ನಂಗ ಗೊತ್ತಿಲ್ರಿ. ಅವರು ಪಿನ್ ಹೊಡಿಯೂ ಮುಂದ ನಾ ಮಾರಿ ಆ ಕಡೆ ಮಾಡ್ತೀನ್ರಿ" ಅಂದ. ಅವನ ಕಿವಿ ಕೆಂಪಗಾಗಿದ್ದವು. ಎದುರು ಮನೆಯವರು ಹೊರಗೆ ಬಂದು ನೋಡುತ್ತಿದ್ದರು. ಅವನು ಚಪ್ಪಲಿ ಮೆಟ್ಟಿಕೊಂಡು ಹೋಗಿಬಿಟ್ಟ. ಅವ್ವ ಆ ರಾತ್ರಿ ನನ್ನ ಜೊತೆ ಊಟಕ್ಕೆ ಕೂಡಲಿಲ್ಲ.

ಮರುದಿನ ಬ್ಯಾಂಕಿಗೆ ಹೋದೆವು. ಕೌಂಟರಿನ ಹಿಂದಿದ್ದ ಹುಡುಗಿ ಕಂಪ್ಯೂಟರು ನೋಡಿ, ಅವ್ವನ ಫೋನು ಇಸಿದುಕೊಂಡು, ಯುಪಿಐ ಆ್ಯಪಿನಲ್ಲಿ 'ಆಟೊಪೇ' ಎಂಬ ಕಡೆ ಒತ್ತಿದಳು. ಅಲ್ಲಿತ್ತು ಅದು: 590 ರೂಪಾಯಿ, ಪ್ರತಿ ತಿಂಗಳು, ಚಾಲ್ತಿಯಲ್ಲಿದೆ. "ಇದು ಕಳವು ಅಲ್ರಿ ಸರ್. ಅಮ್ಮಾರು ಒಂದ ಸಲ ಪಿನ್ ಹಾಕಿ ಒಪ್ಪಿಗಿ ಕೊಟ್ಟಾರ. ಆಮ್ಯಾಲೆ ಅದು ತಾನ ಹೊಕ್ಕೊಂತ ಇರತೈತಿ, ಮತ್ತ ಪಿನ್ ಕೇಳಂಗಿಲ್ಲ" ಅಂದಳು.

ನ್ಯಾಷನಲ್ ಪೇಮೆಂಟ್ಸ್ ಕಾರ್ಪೊರೇಷನ್ ಈ ಸೌಲಭ್ಯ ತಂದದ್ದು 2020ರ ಜುಲೈನಲ್ಲಿ. ಮೊದಲ ಒಪ್ಪಿಗೆಗೆ ಪಿನ್ ಬೇಕೇ ಬೇಕು. ಆಮೇಲಿನ ಕಂತುಗಳಿಗೆ, ಮೊತ್ತ 15,000 ರೂಪಾಯಿ ದಾಟದಿದ್ದರೆ, ಸಾಮಾನ್ಯವಾಗಿ ಪಿನ್ ಬೇಕಿಲ್ಲ. ಕಡಿತಕ್ಕೆ 24 ಗಂಟೆ ಮೊದಲೇ ತಿಳಿಸಬೇಕು ಎಂದು ರಿಸರ್ವ್ ಬ್ಯಾಂಕಿನ ನಿಯಮವಿದೆ. ಅವ್ವನ ಫೋನಿಗೂ ಆಮೇಲಿನ ಎರಡು ತಿಂಗಳು 13ಕ್ಕೆ ಆ ಸೂಚನೆ ಬಂದಿತ್ತು. ಬಂದದ್ದು ಇಂಗ್ಲೀಷಿನಲ್ಲಿ. ಅವ್ವ ಕನ್ನಡವನ್ನು ಚೆನ್ನಾಗಿ ಓದುತ್ತಾಳೆ, ಇಂಗ್ಲೀಷು ಬರುವುದಿಲ್ಲ. ಸಾಲದ ಜಾಹೀರಾತು, ರೀಚಾರ್ಜಿನ ಮೆಸೇಜುಗಳ ನಡುವೆ ಅದೂ ಒಂದಾಗಿ ಬಿದ್ದಿತ್ತು.

ಒಪ್ಪಿಗೆಯನ್ನೇ ಕೊಡದೆ ದುಡ್ಡು ಹೋಗಿದ್ದರೆ ಏನು ಮಾಡಬೇಕೆಂದೂ ಆ ಹುಡುಗಿಯೇ ಹೇಳಿದಳು. ಕೂಡಲೇ ಬ್ಯಾಂಕಿಗೆ ತಿಳಿಸಬೇಕು, ಸೈಬರ್ ಮೋಸದ ಸಹಾಯವಾಣಿ 1930ಕ್ಕೆ ಫೋನ್ ಮಾಡಬೇಕು. 2017ರ ರಿಸರ್ವ್ ಬ್ಯಾಂಕಿನ ಆದೇಶದಂತೆ, ಗ್ರಾಹಕನದೂ ಬ್ಯಾಂಕಿನದೂ ತಪ್ಪಿಲ್ಲದೆ ಹೊರಗಿನವರ ಮೋಸದಿಂದ ಹಣ ಹೋಗಿದ್ದರೆ, ಮೂರು ಕೆಲಸದ ದಿನಗಳೊಳಗೆ ದೂರು ಕೊಟ್ಟ ಗ್ರಾಹಕನ ಮೇಲೆ ನಷ್ಟ ಬೀಳುವುದಿಲ್ಲ. ನಮ್ಮದು ಆ ಲೆಕ್ಕಕ್ಕೆ ಬರಲಿಲ್ಲ. ಇಲ್ಲಿ ಪಿನ್ ಒತ್ತಿದ ಬೆರಳು ಅವ್ವನದೇ.

ಆದರೆ ಒತ್ತಿದ್ದು ಯಾವುದಕ್ಕೆ? ಆ ತುಂಡು ಹೆಸರು ದುಡ್ಡು ಕೂಡಿಸಿ ಬೇರೆಯವರಿಗೆ ದಾಟಿಸುವ ಕಂಪನಿಯದು. ಕೊನೆಗೆ ಯಾರಿಗೆ ಮುಟ್ಟಿತು ಎನ್ನುವುದು ಪಾಸ್‌ಬುಕ್ಕಿನಲ್ಲಿ ಬರುವುದೇ ಇಲ್ಲ. ಆಗ ನನಗೆ ನೆನಪಾಯಿತು: ಫೋನ್ ಕೊಂಡ ದಿನ ಅವ್ವನ ಹೆಸರಿನಲ್ಲಿ ನಾನೇ ಒಂದು ಇಮೇಲ್ ತೆರೆದುಕೊಟ್ಟಿದ್ದೆ. ಅದನ್ನು ಯಾರೂ ಯಾವತ್ತೂ ನೋಡಿದ್ದಿಲ್ಲ. ಮನೆಗೆ ಬಂದು ತೆರೆದೆ. ಮೂರು ರಸೀದಿಗಳು. ಪ್ರತಿಯೊಂದರ ಮೇಲೂ ಮೂಗಿಗೆ ನಳಿಕೆ ಹಾಕಿದ ಒಂದು ಹಸುಗೂಸಿನ ಫೋಟೊ.

ಅವ್ವ ಕನ್ನಡಕ ಏರಿಸಿಕೊಂಡಳು. ಫೋನನ್ನು ಕಿಟಕಿಯ ಬೆಳಕಿಗೆ ಹಿಡಿದಳು. ಕೂಸಿನ ಕೆನ್ನೆಯ ಮೇಲೆ ಹೆಬ್ಬೆರಳಿಟ್ಟು ಸವರಿದಳು. ಫೋಟೊ ಸರಿದು ಹೋಯಿತು, ಮತ್ತೆ ಹಿಂದಕ್ಕೆ ತಂದಳು. "ಇದ ಕೂಸೋ ತಮ್ಮಾ. ಹೃದಯದ ಆಪರೇಶನ್ನಿಗೆ ರೊಕ್ಕ ಇಲ್ಲಂತ ಇದರ ತಾಯಿ ಅಳಾಕತ್ತಿದ್ಲು. ಐನೂರು ಕೊಟ್ಟೆ. ಒಂದ ಸಲ ಕೊಟ್ಟೆ."

ಒಂದೇ ಸಲ ಎಂದೇ ಅವಳು ಕೊಟ್ಟಿದ್ದಳು. ರಾತ್ರಿ, ಅವ್ವ ದುಡ್ಡು ಕೊಟ್ಟಿದ್ದ ಜಾಲತಾಣದ ಪುಟವನ್ನು ನಾನೇ ತೆರೆದು ನೋಡಿದೆ. 'ಪ್ರತಿ ತಿಂಗಳು' ಎನ್ನುವುದು ಮೊದಲೇ ಆಯ್ಕೆಯಾಗಿತ್ತು. 'ಒಂದು ಸಲ' ಎನ್ನುವುದು ಪಕ್ಕದಲ್ಲಿ ಮಸುಕು ಬಣ್ಣದಲ್ಲಿತ್ತು. ಕೆಳಗೆ ಸಣ್ಣ ಅಕ್ಷರದಲ್ಲಿ ಜಾಲತಾಣದವರಿಗೆ 'ಟಿಪ್', ನೂರಕ್ಕೆ ಹದಿನೆಂಟು, ಅದೂ ಮೊದಲೇ ತುಂಬಿತ್ತು. ಐನೂರಕ್ಕೆ ತೊಂಬತ್ತು ಕೂಡಿ 590 ಆದದ್ದು ಹೀಗೆ. ರಸೀದಿಯಲ್ಲಿದ್ದ ಟ್ರಸ್ಟಿನ ಹೆಸರನ್ನು ದಾನಕ್ಕೆ ತೆರಿಗೆ ರಿಯಾಯಿತಿ ಇರುವ ಸಂಸ್ಥೆಗಳ, ಆದಾಯ ತೆರಿಗೆ ಇಲಾಖೆಯ 80ಜಿ ಪಟ್ಟಿಯಲ್ಲಿ ಹುಡುಕಿದೆ, ಸಿಕ್ಕಿತು. ಸಂಸ್ಥೆ ನಿಜವಾದದ್ದೇ. ಕೇಳಿದ ರೀತಿ ಮಾತ್ರ ಸರಿಯಿರಲಿಲ್ಲ.

ಇದು ನನ್ನೊಬ್ಬನ ಸಿಟ್ಟಿನ ಮಾತಲ್ಲ. ಕೇಂದ್ರ ಗ್ರಾಹಕ ಸಂರಕ್ಷಣಾ ಪ್ರಾಧಿಕಾರ 2023ರ ನವೆಂಬರ್ 30ರಂದು ಹೊರಡಿಸಿದ ಮಾರ್ಗಸೂಚಿಯಲ್ಲಿ, ಆನ್‌ಲೈನಿನಲ್ಲಿ ಜನರನ್ನು ದಾರಿ ತಪ್ಪಿಸುವ ಹದಿಮೂರು ಬಗೆಗಳನ್ನು ಪಟ್ಟಿ ಮಾಡಿ ನಿಷೇಧಿಸಿದೆ. ಹಣ ಕಟ್ಟುವ ಹೊತ್ತಿನಲ್ಲಿ ಕೇಳದೇ ಏನನ್ನಾದರೂ ಸೇರಿಸುವುದು ಅದರಲ್ಲಿ ಒಂದು, ಮತ್ತು ಅಲ್ಲಿ ದಾನದ ಹಣದ ಹೆಸರನ್ನು ಎತ್ತಿಯೇ ಹೇಳಿದೆ. ಮನಸ್ಸು ಕರಗಿದ ಗಳಿಗೆಯಲ್ಲಿ ಮನುಷ್ಯ ಸಣ್ಣ ಅಕ್ಷರ ಓದುವುದಿಲ್ಲ. ಅದನ್ನು ಬಲ್ಲವರು ಆ ಗಳಿಗೆಯನ್ನೇ ಬಳಸಿಕೊಳ್ಳುವುದು ಅನ್ಯಾಯ.

ದಾನ ನಮ್ಮ ಸೀಮೆಗೆ ಹೊಸದಲ್ಲ ಎಂಬುದಕ್ಕೇ ನನಗೆ ಇಷ್ಟು ಸಂಕಟ. 1989ರಲ್ಲಿ ಸಿದ್ದು ನ್ಯಾಮಗೌಡರ ಮುಂದಾಳತನದಲ್ಲಿ ಚಿಕ್ಕಪಡಸಲಗಿಯ ಹತ್ತಿರ ಕೃಷ್ಣೆಗೆ ಬ್ಯಾರೇಜು ಕಟ್ಟಿದವರು ರೈತರೇ. ತಾವೇ ರೊಕ್ಕ ಹಾಕಿದರು, ತಾವೇ ಮೈಮುರಿದು ದುಡಿದರು, 'ಶ್ರಮಬಿಂದು ಸಾಗರ' ಎಂದು ಹೆಸರಿಟ್ಟರು. ಅಪ್ಪನೂ ಕೊಟ್ಟಿದ್ದ, ರಜೆಯ ದಿನ ಹೋಗಿ ಕಲ್ಲೂ ಹೊತ್ತಿದ್ದ. ಕೊಟ್ಟದ್ದು ಎಲ್ಲಿ ಹೋಯಿತು ಎಂದು ಅವನು ಯಾರನ್ನೂ ಕೇಳಬೇಕಿರಲಿಲ್ಲ, ಹೊಳೆಯಲ್ಲಿ ನೀರು ನಿಂತದ್ದು ಕಾಣುತ್ತಿತ್ತು. 2019ರ ಆಗಸ್ಟಿನಲ್ಲಿ ಅದೇ ಹೊಳೆ ಉಕ್ಕಿ ದಂಡೆಯ ಊರುಗಳಿಗೆ ನುಗ್ಗಿದಾಗ ಅವ್ವ ಓಣಿಯ ಹೆಂಗಸರೊಂದಿಗೆ ಖಡಕ್ ರೊಟ್ಟಿ ಬಡಿದು, ಶೇಂಗಾ ಚಟ್ನಿ ಕಟ್ಟಿ ಕಳಿಸಿದ್ದಳು. ಅಂಥ ಕೈಯಿಂದ ಹೋದ ಐನೂರು ರೂಪಾಯಿ ಅದು.

ಆಟೊಪೇಯನ್ನು ಅಂದೇ ರದ್ದು ಮಾಡಿದೆವು. ಎರಡು ನಿಮಿಷದ ಕೆಲಸ, ಮತ್ತೊಮ್ಮೆ ಪಿನ್ ಹಾಕಿದರೆ ಮುಗಿಯಿತು. ಜಾಲತಾಣದವರಿಗೆ ಮೂರೂ ಕಡಿತಗಳ ತಾರೀಖು, ಆ ಹನ್ನೆರಡು ಅಂಕಿಗಳ ನಂಬರು, ಮೊತ್ತ ಎಲ್ಲ ಬರೆದು, 1,770 ರೂಪಾಯಿ ಮರಳಿಸಿ ಎಂದು ಪತ್ರ ಸಿದ್ಧಮಾಡಿ ಅವ್ವನಿಗೆ ಓದಿ ಹೇಳಿದೆ.

"ಮೊದಲಿನ ಐನೂರು ತಗಿ ಅದರಾಗಿಂದ" ಅಂದಳು. "ಅದು ನಾ ಕೊಟ್ಟದ್ದು ಖರೇನ ಐತಿ. ಕೊಟ್ಟದ್ದ ತಿರುಗಿ ಕೇಳಬಾರದು. ಉಳಿದದ್ದು ಅವರು ತಗೊಂಡದ್ದು, ಅಷ್ಟ ಕೇಳು."

ಹಾಗೇ ತಿದ್ದಿ ಬರೆದೆ. ಹನ್ನೆರಡನೇ ದಿನ 1,270 ರೂಪಾಯಿ ಖಾತೆಗೆ ವಾಪಸ್ ಬಂತು.

ಆ ಹುಡುಗನ ಮನೆಗೆ ನಾನೊಬ್ಬನೇ ಹೋದೆ. ಅವನ ತಾಯಿ ಚಹಾ ಕೊಟ್ಟಳು, ಮಾತಾಡಲಿಲ್ಲ. ಓಣಿಯಲ್ಲಿ ನಿಲ್ಲಿಸಿ ಕೇಳಿದ್ದೆನಲ್ಲ, ಓಣಿಯಲ್ಲೇ ನಿಂತು ನಾಲ್ಕು ಜನರಿಗೆ ಕೇಳುವಂತೆ "ತಪ್ಪು ನನ್ನದು ತಮ್ಮಾ" ಅಂದೆ. "ಇರ್ಲಿ ಬಿಡ್ರಿ ಕಾಕಾ" ಅಂದ. ಅವನು ಮತ್ತೆ ನಮ್ಮ ಹೊಸ್ತಿಲು ದಾಟಲು ದಸರೆಯೇ ಬರಬೇಕಾಯಿತು. ಬನ್ನಿ ಕೊಡಲು ಬಂದವನನ್ನು ಅವ್ವ ಊಟ ಮಾಡಿಸಿಯೇ ಕಳಿಸಿದಳು.

ಇಷ್ಟು ಹೇಳುವ ಹೊತ್ತಿಗೆ ಗಾಣದಲ್ಲಿ ಪಾಕ ಹದಕ್ಕೆ ಬಂದಿತ್ತು. ಕೊಪ್ಪರಿಗೆ ಇಳಿಸಿದ ಮೇಲೆ ಮಾಮಾ ತಮ್ಮ ಫೋನು ಚಾಚಿದರು. ಆಟೊಪೇ ತೆರೆದೆವು. ಅವರ 199 ಒಂದು ಗೋಶಾಲೆಗೆ ಹೋಗುತ್ತಿತ್ತು. ಕಾರಹುಣ್ಣಿಮೆಯ ದಿನ ಎತ್ತುಗಳ ವಿಡಿಯೊ ನೋಡುತ್ತ ತಾವೇ ಒತ್ತಿದ್ದು ಆಗ ಅವರಿಗೆ ನೆನಪಾಯಿತು. "ಇದು ಇರಲಿ ಬಿಡು, ಇನ್ನ ಗೊತ್ತಿದ್ದ ಕೊಡ್ತೀನಿ" ಅಂದರು. ಆಚೆ ಬೆಲ್ಲ ಹರವುತ್ತಿದ್ದ ಮಗನನ್ನು ಅವರು ಏನೂ ಕೇಳಲಿಲ್ಲ.

ನಿಮ್ಮ ಮನೆಯ ಹಿರಿಯರ ಫೋನಿನಲ್ಲೂ ಆ ಪಟ್ಟಿ ಇರುತ್ತದೆ. ಈ ವಾರವೇ ಅವರ ಪಕ್ಕ ಕೂತು ತೆರೆದು, ಒಂದೊಂದನ್ನೂ ಕನ್ನಡದಲ್ಲಿ ಓದಿ ಹೇಳಿ. ಯಾವುದು ಇರಬೇಕು, ಯಾವುದು ಬೇಡ ಎನ್ನುವುದನ್ನು ಅವರಿಗೇ ಬಿಡಿ. ಅದಕ್ಕಿಂತ ಮೊದಲು ದಯಮಾಡಿ ಯಾರ ಮನೆಯ ಮಕ್ಕಳನ್ನೂ ಬಾಗಿಲಲ್ಲಿ ನಿಲ್ಲಿಸಿ ಕೇಳಬೇಡಿ.